ಮುಳಶಿಯ ನೀರು

ಪ್ರತಿವರ್ಷ ನವೆಂಬರ್ 1ನೆಯ ತಾರೀಖು ಬಂದಿತೆಂದರೆ ಪುಣೆಯಲ್ಲಿರುವ ನಾವು ಕನ್ನಡಿಗರು ಒಂದೆಡೆ ಕೂಡಿ ನಾಡದೇವಿಯನ್ನು ನೆನೆಯುತ್ತೇವೆ. ಹಂಚಿಹೋಗಿದ್ದ ನೆಲ 1956ರಲ್ಲಿ ಒಂದಾದ ಕಥೆಯನ್ನು ಹಿರಿಯರು ಹೇಳುತ್ತಾರೆ, ಮಕ್ಕಳು ಹಾಡುತ್ತಾರೆ. ಆ ಕಥೆಯಲ್ಲಿ ಈ ಊರಿಗೂ ಒಂದು ಪಾಲುಂಟು. ಕರ್ನಾಟಕದ ಕುಲಪುರೋಹಿತರೆನಿಸಿದ ಆಲೂರ ವೆಂಕಟರಾಯರು ಓದಿದ್ದು ಇಲ್ಲಿಯ ಫರ್ಗ್ಯುಸನ್ ಕಾಲೇಜಿನಲ್ಲಿ. ಬೇಂದ್ರೆಯವರು ಬಿ.ಎ. ಆದದ್ದೂ ಅಲ್ಲಿಯೇ. ಇದೆಲ್ಲ ನಮಗೆ ತಿಳಿದ ಮಾತು. ಆದರೆ ಪುಣೆಗೂ ಕನ್ನಡ ನಾಡಿಗೂ ಇರುವ ನಂಟುಗಳಲ್ಲಿ ಎಲ್ಲಕ್ಕೂ ಹಳೆಯದು ನೀರಿನ ನಂಟು. ಅದನ್ನು ನಾವು ದಿನವೂ ಸೇತುವೆಯ ಮೇಲಿಂದ ದಾಟುತ್ತೇವೆ, ನೋಡುವುದಿಲ್ಲ.

ಸಂಗಮದ ಬಳಿ ಮುಳಾ ಮತ್ತು ಮುಠಾ ನದಿಗಳು ಒಂದಾಗುತ್ತವೆ. ಒಂದಾದ ನೀರು ಪೂರ್ವಕ್ಕೆ ಹರಿದು ದೌಂಡ ತಾಲೂಕಿನಲ್ಲಿ ಭೀಮೆಯನ್ನು ಸೇರುತ್ತದೆ. ಭೀಮೆ ಹುಟ್ಟುವುದೂ ಪುಣೆ ಜಿಲ್ಲೆಯ ಭೀಮಾಶಂಕರದಲ್ಲಿಯೇ. ಆಳಂದಿಯ ಇಂದ್ರಾಯಣಿಯನ್ನು ಕೂಡಿಸಿಕೊಂಡು, ಪಂಢರಪುರದಲ್ಲಿ ಚಂದ್ರಭಾಗೆಯೆನಿಸಿಕೊಂಡು, ವಿಜಯಪುರ, ಕಲಬುರಗಿ, ಯಾದಗಿರಿ ಜಿಲ್ಲೆಗಳ ಕರಿನೆಲವನ್ನು ತೋಯಿಸಿ, ಸುಮಾರು 860 ಕಿಲೋಮೀಟರು ನಡೆದು, ರಾಯಚೂರಿನ ಹತ್ತಿರ ಅದು ಕೃಷ್ಣೆಯಲ್ಲಿ ಲೀನವಾಗುತ್ತದೆ. ಗಾಣಗಾಪುರದ ದತ್ತ ಕ್ಷೇತ್ರ ಅದರ ದಂಡೆಯಲ್ಲಿದೆ. ಅಶೋಕನ ಶಾಸನ ದೊರೆತ ಸನ್ನತಿಯೂ ಅದರ ದಂಡೆಯಲ್ಲಿಯೇ ಇದೆ. ಪಂಢರಪುರದ ವಿಠ್ಠಲನನ್ನು ಜ್ಞಾನೇಶ್ವರ ಮಹಾರಾಜರೇ ಕನ್ನಡಿಗನೆಂದು ಕರೆದಿದ್ದಾರೆ. ಒಟ್ಟಿನಲ್ಲಿ ಹೊಟ್ಟೆಪಾಡಿಗಾಗಿ ನಾವು ಮೇಲಕ್ಕೆ ಬಂದೆವು. ನದಿ ತನ್ನ ಪಾಡಿಗೆ ನಮ್ಮ ಊರುಗಳತ್ತ ಕೆಳಕ್ಕೆ ಹೋಗುತ್ತಿದೆ.

ಈ ನದಿಯ ನೀರಿನಲ್ಲಿ ಒಂದು ಪಾಲು ನೂರಕ್ಕೂ ಹೆಚ್ಚು ವರ್ಷಗಳಿಂದ ಪೂರ್ವಕ್ಕೆ ಹರಿಯುವುದನ್ನು ಬಿಟ್ಟು ಪಶ್ಚಿಮಕ್ಕೆ ತಿರುಗಿದೆ. ಅದನ್ನು ತಿರುಗಿಸಿದವರು ಯಾರು, ಏತಕ್ಕಾಗಿ ತಿರುಗಿಸಿದರು, ಅದರ ಬೆಲೆಯನ್ನು ತೆತ್ತವರು ಯಾರು ಎಂಬ ಇತಿಹಾಸವನ್ನು ಹೇಳುವುದು ಈ ಲೇಖನದ ಉದ್ದೇಶ. ಇಂದು ‘ಜಾಗತೀಕರಣ’ ‘ಪರಿಸರ’ ಎಂಬ ಎರಡು ದೊಡ್ಡ ಮಾತುಗಳು ಎಲ್ಲೆಡೆಯೂ ಕೇಳಿಬರುತ್ತವೆ. ಅವೇನು 1991ರ ಅನಂತರ ಹುಟ್ಟಿದ ಸಂಗತಿಗಳೆಂದು ನಾವು ತಿಳಿದಿರುವುದುಂಟು. ಪುಣೆಯಿಂದ ಅರ್ಧ ದಿನದಲ್ಲಿ ಹೋಗಿ ಬರಬಹುದಾದ ಮುಳಶಿಯ ಕೆರೆ ಬೇರೆಯೇ ಸಾಕ್ಷಿ ಹೇಳುತ್ತದೆ.

ಮೊದಲು ಹತ್ತಿಯ ಕಥೆ. 1840ರ ದಶಕದಲ್ಲಿಯೇ ಕಂಪನಿ ಸರಕಾರ ಧಾರವಾಡ ಸೀಮೆಯ ಎರೆನೆಲದಲ್ಲಿ ಅಮೇರಿಕದ ಹತ್ತಿಯ ತಳಿಯನ್ನು ಬೆಳೆಸಲು ತೊಡಗಿತು. ಅದು ಇಂಗ್ಲಂಡಿನ ಗಿರಣಿಗಳ ಹಸಿವೆಗಾಗಿ. 1861ರಿಂದ 1865ರ ವರೆಗೆ ಅಮೇರಿಕದಲ್ಲಿ ಅಂತರ್ಯುದ್ಧ ನಡೆದಾಗ ಅಲ್ಲಿಯ ಹತ್ತಿ ನಿಂತು, ಇಲ್ಲಿಯ ಹತ್ತಿಗೆ ಬಂಗಾರದ ಬೆಲೆ ಬಂದಿತು. ಯುದ್ಧ ಮುಗಿದೊಡನೆ ಬೆಲೆ ನೆಲಕಚ್ಚಿತು. ಎಲ್ಲಿಯದೋ ಕಾಳಗ, ಇಲ್ಲಿಯ ಒಕ್ಕಲಿಗನ ಏಳುಬೀಳು! ಜಗತ್ತು ಒಂದು ಸಂತೆಯಾದದ್ದು ನಮ್ಮ ಮುತ್ತಜ್ಜರ ಕಾಲದಲ್ಲಿಯೇ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ. ಆ ಹತ್ತಿಯ ಹಣದಿಂದ ಬೆಳೆದ ಮುಂಬಯಿ ತಾನೇ ಗಿರಣಿಗಳ ಊರಾಯಿತು. ಗಿರಣಿಗೆ ಉಗಿ ಬೇಕು, ಉಗಿಗೆ ಕಲ್ಲಿದ್ದಲು ಬೇಕು, ಕಲ್ಲಿದ್ದಲು ದೂರದ ಬಂಗಾಲದಿಂದ ಬರಬೇಕು. ವೆಚ್ಚ ಬಹಳ, ಊರ ತುಂಬ ಹೊಗೆ.

ಆಗ ಜಮಶೇಟಜಿ ಟಾಟಾ ಅವರ ಕಣ್ಣು ಸಹ್ಯಾದ್ರಿಯ ಮಳೆಯ ಮೇಲೆ ಬಿದ್ದಿತು. ಅವರು 1904ರಲ್ಲಿ ತೀರಿಕೊಂಡರು. ಯೋಜನೆಯನ್ನು ಮಕ್ಕಳು ಕೈಗೂಡಿಸಿದರು. 1910ರಲ್ಲಿ ಟಾಟಾ ಜಲವಿದ್ಯುತ್ ಕಂಪನಿ ಹುಟ್ಟಿತು. ಅದಕ್ಕೆ ಬಂಡವಲು ಹಾಕಿದವರಲ್ಲಿ ದೇಶೀಯ ಸಂಸ್ಥಾನಿಕರೂ ಇದ್ದರು. ಉಪಾಯ ಸರಳವಾದದ್ದು. ಘಟ್ಟದ ನೆತ್ತಿಯಲ್ಲಿ ಹುಟ್ಟಿ ಪೂರ್ವಕ್ಕೆ ಹೊರಡುವ ಹೊಳೆಗೆ ಅಣೆಕಟ್ಟು ಕಟ್ಟಿ ನೀರನ್ನು ನಿಲ್ಲಿಸುವುದು. ಆ ನೀರನ್ನು ಕಾಲುವೆ, ಸುರಂಗಗಳಿಂದ ಪಶ್ಚಿಮದ ಅಂಚಿಗೆ ತಂದು, ಸುಮಾರು ಐದು ನೂರು ಮೀಟರು ಕೆಳಗಿರುವ ಕೊಂಕಣಕ್ಕೆ ಕೊಳವೆಗಳಲ್ಲಿ ಧುಮ್ಮಿಕ್ಕಿಸುವುದು. ಬಿದ್ದ ರಭಸಕ್ಕೆ ಚಕ್ರ ತಿರುಗುತ್ತದೆ, ವಿದ್ಯುತ್ತು ಹುಟ್ಟುತ್ತದೆ. ಲೋಣಾವಳೆಯ ಕೆರೆಗಳ ನೀರಿನಿಂದ ಖೋಪೋಲಿಯಲ್ಲಿ 1915ರಲ್ಲಿ ಹೀಗೆ ವಿದ್ಯುತ್ತು ಹುಟ್ಟಿ ಮುಂಬಯಿಯ ಗಿರಣಿಗಳಿಗೆ ಹರಿಯಿತು. ಇದರಲ್ಲಿ ಒಂದು ಮಾತನ್ನು ನೆನಪಿಡಬೇಕು. ಸಾಧಾರಣವಾಗಿ ಅಣೆಕಟ್ಟಿನ ಚಕ್ರ ತಿರುಗಿಸಿದ ನೀರು ಮತ್ತೆ ಅದೇ ಹೊಳೆಗೆ ಸೇರಿ ಕೆಳಗಿನವರ ಹೊಲಕ್ಕೆ ಬರುತ್ತದೆ. ಇಲ್ಲಿ ಹಾಗಲ್ಲ. ಘಟ್ಟ ಇಳಿದ ನೀರು ಮರಳಿ ಘಟ್ಟ ಹತ್ತುವುದಿಲ್ಲ; ಅರಬೀ ಸಮುದ್ರಕ್ಕೇ ಹೋಗುತ್ತದೆ.

ನಾವು ಕನ್ನಡಿಗರು ಇದನ್ನು ಕೇಳಿ ಬೇರೆಯವರತ್ತ ಬೆರಳು ಮಾಡಬೇಕಾದ್ದಿಲ್ಲ. ಇದಕ್ಕೂ ಮೊದಲೇ, 1902ರಲ್ಲಿ, ಮೈಸೂರು ಸಂಸ್ಥಾನ ಶಿವನಸಮುದ್ರದಲ್ಲಿ ಕಾವೇರಿಯಿಂದ ವಿದ್ಯುತ್ತು ಹುಟ್ಟಿಸಿತು. ಆ ವಿದ್ಯುತ್ತು ಮೊದಲು ಹೋದದ್ದು ಇಂಗ್ಲಿಷ್ ಕಂಪನಿಯ ಕೈಯಲ್ಲಿದ್ದ ಕೋಲಾರದ ಚಿನ್ನದ ಗಣಿಗೆ. ಬೆಂಗಳೂರಿನ ಬೀದಿಗೆ ದೀಪ ಬಂದದ್ದು 1905ರಲ್ಲಿ. ಹೊಳೆಯ ದಂಡೆಯ ಹಳ್ಳಿಯ ಗುಡಿಸಲಿಗೆ ಅದು ಬಂದದ್ದು ಇನ್ನೆಷ್ಟೋ ಕಾಲದ ಮೇಲೆ.

ಈಗ ಮುಳಶಿಗೆ ಬರೋಣ. ಮುಳಾ ನದಿಯ ಮೇಲಣ ಕಣಿವೆಯಲ್ಲಿ ಮಾವಳರು ಬಾಳುತ್ತಿದ್ದರು. ಶಿವಾಜಿ ಮಹಾರಾಜರ ದಂಡಿನಲ್ಲಿ ಕಾದಾಡಿದವರ ಸಂತತಿ. ಮಳೆ ಧಾರಾಳ, ನೆಲ ಫಲವತ್ತು, ಬೆಳೆ ಬತ್ತ. ಬೇಯಿಸಿದರೆ ಮಾವಿನ ಹೂವಿನಂತೆ ಘಮಘಮಿಸುವ ಆಂಬೇಮೋಹರ ಅಕ್ಕಿಗೆ ಈ ಸೀಮೆ ಹೆಸರುವಾಸಿ. ಇಲ್ಲಿ ಅಣೆಕಟ್ಟು ಕಟ್ಟಿದರೆ ಐವತ್ತಕ್ಕೆ ಮೇಲ್ಪಟ್ಟ ಹಳ್ಳಿಗಳು ತೊಂದರೆಗೆ ಈಡಾಗುತ್ತಿದ್ದವು. ರೈತರಿಗೆ ಹೇಳಿ ಕೇಳಿ ಮಾಡುವ ಗೊಡವೆಗೆ ಹೋಗದೆ ಹೊಲಗಳಲ್ಲಿ ಪರೀಕ್ಷೆಯ ಗುಂಡಿಗಳನ್ನು ತೋಡಲಾಯಿತು. ಸಾರ್ವಜನಿಕ ಹಿತಕ್ಕಾಗಿ ನೆಲವನ್ನು ಸ್ವಾಧೀನಪಡಿಸಿಕೊಳ್ಳಲು 1894ರಲ್ಲಿ ಮಾಡಿದ ಕಾನೂನನ್ನು ಒಂದು ಕಂಪನಿಗಾಗಿ ಬಳಸಲು ಸರಕಾರ ಮುಂದಾಯಿತು. ಕಂಪನಿಯ ಲಾಭ ಸಾರ್ವಜನಿಕ ಹಿತವೆನ್ನಿಸುವುದು ಎಂದಿನಿಂದ? ಈ ಪ್ರಶ್ನೆಯನ್ನು ಆಗಲೇ ಕೇಳಿದವರುಂಟು. ಇಂದಿಗೂ ಅದು ಹಳತಾಗಿಲ್ಲ.

1921ರ ಏಪ್ರಿಲ್ 16, ರಾಮನವಮಿಯ ದಿನ. ಸಾವಿರಕ್ಕೂ ಹೆಚ್ಚು ಮಾವಳರು ಅಣೆಕಟ್ಟಿನ ಜಾಗಕ್ಕೆ ಹೋಗಿ ಕುಳಿತುಬಿಟ್ಟರು. ಕೂಲಿಗಳು ಕೆಲಸ ನಿಲ್ಲಿಸಿದರು. ‘ಪ್ರಾಣ, ಇಲ್ಲವೆ ಭೂಮಿ’ ಎಂಬುದು ಅವರ ಘೋಷಣೆ. ಈ ಚಳುವಳಿಗೆ ಮುಂದಾಳಾಗಿ ಬಂದವರು ಪಾಂಡುರಂಗ ಮಹಾದೇವ ಬಾಪಟರು. ಅವರು ಪಾರನೇರಿನವರು, ಪುಣೆಯ ಡೆಕ್ಕನ್ ಕಾಲೇಜಿನಲ್ಲಿ ಓದಿ, ವಿದ್ಯಾರ್ಥಿವೇತನ ಪಡೆದು ಎಡಿನ್‌ಬರೋಗೆ ಹೋದವರು. ಯುರೋಪಿನಲ್ಲಿದ್ದಾಗ ಬಾಂಬು ಮಾಡುವ ವಿದ್ಯೆ ಕಲಿತು ಬಂದವರು. ಅಂಥವರು ಇಲ್ಲಿ ನಿರಾಯುಧರಾದ ರೈತರ ನಡುವೆ ಕುಳಿತರು. ‘ಸೇನಾಪತಿ’ ಎಂಬ ಬಿರುದು ಅವರಿಗೆ ಬಂದದ್ದು ಈ ಹೋರಾಟದಿಂದಲೇ. ಇಂದು ಪುಣೆಯ ಸೇನಾಪತಿ ಬಾಪಟ ರಸ್ತೆಯಲ್ಲಿ ನಮ್ಮವರೆಷ್ಟೋ ಜನ ದಿನವೂ ಕಚೇರಿಗೆ ಹೋಗುತ್ತಾರೆ. ಆ ಸೇನೆ ಯಾವುದು, ಅವರು ಕಾದಾಡಿದ್ದು ಏತಕ್ಕೆ ಎಂದು ಕೇಳುವವರು ವಿರಳ.

ಗಾಂಧೀಜಿಯವರು ಅದೇ ತಿಂಗಳು ತಮ್ಮ ‘ಯಂಗ್ ಇಂಡಿಯಾ’ ಪತ್ರಿಕೆಯಲ್ಲಿ ಮಾವಳರ ಪರವಾಗಿ ಬರೆದರು. ಬಡವರ ಇಚ್ಛೆಗೆ ವಿರುದ್ಧವಾಗಿ ದೊರಕುವ ವರಗಳಿಗೆ ಬೆಲೆಯೆಷ್ಟು ಎಂಬುದು ಅವರ ಮಾತಿನ ಸಾರ. ಕೆಲಸ ಕೆಲವು ಕಾಲ ನಿಂತಿತು. ಆದರೆ ನಿಂತದ್ದು ಮತ್ತೆ ನಡೆಯಿತು. ಸತ್ಯಾಗ್ರಹಿಗಳು ತಂಡತಂಡವಾಗಿ ಸೆರೆಮನೆಗೆ ಹೋದರು, ಹೆಣ್ಣುಮಕ್ಕಳೂ ಹೋದರು. ಬಾಪಟರು ಮೇಲಿಂದ ಮೇಲೆ ಸೆರೆ ಕಂಡರು. ಕೊನೆಗೆ ಕಟ್ಟಡದ ಸಾಮಾನು ಸಾಗಿಸುತ್ತಿದ್ದ ರೈಲುಬಂಡಿಯನ್ನು ತಡೆದದ್ದಕ್ಕಾಗಿ ಅವರಿಗೆ ಏಳು ವರ್ಷದ ಶಿಕ್ಷೆಯಾಯಿತು. 1924ರ ಹೊತ್ತಿಗೆ ಹೋರಾಟ ಅಡಗಿತು. 1927ರಲ್ಲಿ ಭಿರಾದ ವಿದ್ಯುತ್ ಕೇಂದ್ರ ಕೆಲಸ ಆರಂಭಿಸಿತು. ಮುಳಶಿಯ ನೀರು ಕೊಂಕಣಕ್ಕೆ ಇಳಿದು ಕುಂಡಲಿಕಾ ನದಿಯನ್ನು ಸೇರಿತು. ಈ ಸತ್ಯಾಗ್ರಹವನ್ನು ಕುರಿತು ಗ್ರಂಥ ಬರೆದ ಪುಣೆಯ ವಿದ್ವಾಂಸ ರಾಜೇಂದ್ರ ವೋರಾ ಅವರು ಇದನ್ನು ಜಗತ್ತಿನ ಮೊಟ್ಟಮೊದಲ ಅಣೆಕಟ್ಟು ವಿರೋಧಿ ಚಳುವಳಿಯೆಂದು ಕರೆದಿದ್ದಾರೆ. ನರ್ಮದೆಯ ಹೆಸರು ನಾವೆಲ್ಲ ಕೇಳಿದ್ದೇವೆ. ಅದಕ್ಕೆ ಅರ್ಧ ಶತಮಾನಕ್ಕೂ ಹಿಂದೆ ಮುಳಶಿ ನಡೆದುಹೋಗಿತ್ತು.

ಈ ಸೋಲಿಗೆ ಕಾರಣಗಳೇನು? ಪೋಲಿಸರ ಬಲವೊಂದೇ ಅಲ್ಲ. ಮುಳಶಿಯ ನೆಲದಲ್ಲಿ ಬಹುಭಾಗ ಪುಣೆಯ ಸಾಹುಕಾರರ ಕೈಗೆ ಒತ್ತೆ ಬಿದ್ದಿತ್ತು. ಕಾಗದದ ಮೇಲೆ ನೆಲ ಸಾಹುಕಾರನದು, ಉಳುವವನು ಮಾವಳ. ಸಾಹುಕಾರನಿಗೆ ಪರಿಹಾರದ ಹಣ ಕೈಗೆ ಬಂದರೆ ಸಾಕಿತ್ತು. ಮಾವಳನಿಗೆ ನೆಲ ಬೇಕಿತ್ತು. ಆದುದರಿಂದ ಹಣದ ಮಾತು ಬಂದೊಡನೆ ಪಕ್ಷ ಎರಡಾಯಿತು. ಇನ್ನೊಂದು ತೊಡಕೂ ಇದ್ದಿತು. ಕಂಪನಿ ವಿದೇಶದ್ದಲ್ಲ, ಸ್ವದೇಶಿಯದು. ನಮ್ಮವರ ಬಂಡವಲು, ನಮ್ಮವರ ಸಾಹಸ. ಸ್ವದೇಶಿಯ ವ್ರತ ತೊಟ್ಟ ದೇಶಭಕ್ತರಿಗೆ ಇದನ್ನು ಎದುರಿಸುವುದೆಂದರೆ ಧರ್ಮಸಂಕಟ. ಪರದೇಶದವನು ಕಸಿದರೆ ಕಸಿದನೆನ್ನುವುದು ಸುಲಭ. ನಮ್ಮವನೇ ನಾಡಿನ ಏಳಿಗೆಗೆಂದು ಕಸಿದರೆ ಏನೆನ್ನಬೇಕು? ಮುಂದೆ ಸ್ವತಂತ್ರ ಭಾರತದಲ್ಲಿ ಈ ಪ್ರಶ್ನೆ ಮತ್ತೆ ಮತ್ತೆ ಎದ್ದಿತು. ನಮ್ಮ ಶರಾವತಿಯ ಲಿಂಗನಮಕ್ಕಿಯಲ್ಲಿ ಮನೆ ಮುಳುಗಿ ಊರು ಬಿಟ್ಟವರನ್ನು ಕೇಳಿದರೆ ಅವರೂ ಇದನ್ನೇ ಹೇಳಿಯಾರು.

ಮುಳಶಿಯ ಗದ್ದಲದಲ್ಲಿ ಯಾರೂ ಕೇಳದೆ ಹೋದ ಪ್ರಶ್ನೆಯೊಂದುಂಟು. ಪಶ್ಚಿಮಕ್ಕೆ ತಿರುಗಿದ ನೀರು ಪೂರ್ವದಲ್ಲಿ ಯಾರದಾಗುತ್ತಿತ್ತು? 1876ರಿಂದ 1878ರ ವರೆಗಿನ ಮಹಾ ಕ್ಷಾಮದಲ್ಲಿ ಬೆಂದುಹೋದ ವಿಜಾಪುರ ಜಿಲ್ಲೆ ಅದೇ ಮುಂಬಯಿ ಇಲಾಖೆಯಲ್ಲಿತ್ತು. ಕಲಬುರಗಿ ನಿಜಾಮರ ಆಳಿಕೆಯಲ್ಲಿತ್ತು. ಭೀಮೆಯ ಕೆಳದಂಡೆಯ ರೈತನಿಗೆ ಮುಳಶಿಯ ಹೆಸರು ಕೂಡ ಗೊತ್ತಿರಲಿಲ್ಲ. ಅವನನ್ನು ಕೇಳುವ ಮಾತು ದೂರ ಉಳಿಯಿತು. ಈ ನೀರಿನ ಲೆಕ್ಕ ಕಾಗದಕ್ಕೆ ಏರಿದ್ದು ಅರ್ಧ ಶತಮಾನ ಕಳೆದ ಮೇಲೆ. ಬಛಾವತ್ ಅವರ ಅಧ್ಯಕ್ಷತೆಯ ಕೃಷ್ಣಾ ನ್ಯಾಯಮಂಡಳಿ 1973ರಲ್ಲಿ ತೀರ್ಪು ಕೊಟ್ಟು 1976ರಲ್ಲಿ ಅದನ್ನು ಸ್ಪಷ್ಟಪಡಿಸಿತು. ಟಾಟಾ ಕೆರೆಗಳಿಂದ ಘಟ್ಟದ ಕೆಳಗೆ ಹೋಗುವ ನೀರು ಒಂದು ವರ್ಷದಲ್ಲಿ 54.5 ಟಿ.ಎಂ.ಸಿ.ಯನ್ನು ಮೀರಬಾರದು, ಐದು ವರ್ಷಗಳಲ್ಲಿ ಒಟ್ಟು 212 ಟಿ.ಎಂ.ಸಿ.ಯನ್ನು ಮೀರಬಾರದು ಎಂದು ಮಿತಿ ಹಾಕಿತು. ಟಿ.ಎಂ.ಸಿ. ಎಂದರೆ ನೂರು ಕೋಟಿ ಘನ ಅಡಿ. ಮಿತಿಯಾಯಿತು, ನಿಜ, ಆದರೆ ಮಿತಿ ಹಾಕುವುದೆಂದರೆ ಅಷ್ಟರ ಮಟ್ಟಿಗೆ ಒಪ್ಪಿದಂತೆಯೂ ಆಯಿತು.

ಮಾವಳರು ನೆಲ ಕೊಟ್ಟರು, ಕೆಳದಂಡೆಯವರು ನೀರು ಕೊಟ್ಟರು, ಮುಂಬಯಿ ವಿದ್ಯುತ್ತು ಪಡೆಯಿತು. ಜಮೆ ಒಂದು ಊರಿನ ವಹಿಯಲ್ಲಿ, ಖರ್ಚು ಇನ್ನೊಂದು ಊರಿನ ವಹಿಯಲ್ಲಿ. ಎರಡು ವಹಿಗಳೂ ಒಬ್ಬನ ಕಣ್ಣಿಗೆ ಒಟ್ಟಿಗೆ ಬೀಳದಿರುವುದರಿಂದಲೇ ಇಂಥ ವ್ಯವಹಾರ ಸುಗಮವಾಗಿ ನಡೆಯುತ್ತದೆ. ಜಾಗತೀಕರಣವೆಂಬುದರ ತಿರುಳು ಇದೇ ಎಂದು ನನಗೆ ತೋರುತ್ತದೆ. ಉಣ್ಣುವವನಿಗೂ ಬೆಳೆಯುವವನಿಗೂ, ಸುಖಪಡುವವನಿಗೂ ಬೆಲೆ ತೆರುವವನಿಗೂ ನಡುವಣ ದೂರ ಹೆಚ್ಚುತ್ತ ಹೋಗುವುದು.

ಪುಣೆಯ ಜನ ಒಂದು ದಿನ ಮಾತ್ರ ಖರ್ಚಿನ ವಹಿಯನ್ನು ಕಣ್ಣಾರೆ ಕಂಡರು. ಊರಿಗೆ ನೀರು ಕೊಡುವ ಖಡಕವಾಸಲಾದ ಅಣೆಕಟ್ಟು 1879ರ ಹೊತ್ತಿಗೆ ಮುಗಿದದ್ದು. ಅದರಲ್ಲಿಯೂ ಒಬ್ಬ ಕನ್ನಡಿಗರ ಕೈವಾಡವಿತ್ತು. ಪುಣೆಯ ವಿಜ್ಞಾನ ಕಾಲೇಜಿನಲ್ಲಿ ಎಂಜಿನಿಯರಿಂಗ್ ಓದಿ 1883ರಲ್ಲಿ ತೇರ್ಗಡೆಯಾದ ಮೋಕ್ಷಗುಂಡಂ ವಿಶ್ವೇಶ್ವರಯ್ಯನವರು ತಾವು ರೂಪಿಸಿದ ಸ್ವಯಂಚಾಲಿತ ಬಾಗಿಲುಗಳನ್ನು ಮೊದಲು ಜೋಡಿಸಿದ್ದು ಇಲ್ಲಿಯೇ, 1903ರಲ್ಲಿ. ಗೋಡೆಯನ್ನು ಎತ್ತರಿಸದೆಯೇ ಹೆಚ್ಚು ನೀರು ನಿಲ್ಲಿಸುವ ಜಾಣ್ಮೆ ಅದು. 1961ರ ಜುಲೈ 12ರಂದು ಮೇಲ್ಗಡೆ ಹೊಸದಾಗಿ ಕಟ್ಟುತ್ತಿದ್ದ ಪಾನಶೇತದ ಅಣೆಕಟ್ಟು ಒಡೆಯಿತು. ಆ ನೀರಿನ ಹೊಡೆತಕ್ಕೆ ಖಡಕವಾಸಲಾವೂ ಒಡೆಯಿತು. ನದಿಯ ದಂಡೆಯ ಪೇಟೆಗಳೂ ಡೆಕ್ಕನ್ ಜಿಮಖಾನಾ ಭಾಗವೂ ಮುಳುಗಿದವು. ಸಾವಿರಾರು ಮನೆಗಳು ಹೋದವು. ಸರ್ ಎಂ.ವಿ. ಅವರು ಆಗ ಇನ್ನೂ ಬದುಕಿದ್ದರು. ಅವರು ತೀರಿಕೊಂಡದ್ದು 1962ರ ಏಪ್ರಿಲ್‌ನಲ್ಲಿ. ಅಂದಿನಿಂದ ಪುಣೆಯವರು ಪಾನಶೇತದ ಹೆಸರನ್ನು ಮರೆತಿಲ್ಲ. ಮುಳಶಿಯನ್ನು ಮರೆತಿದ್ದಾರೆ. ಮುಳುಗಿದ್ದು ನಮ್ಮ ಮನೆಯಾದರೆ ಅದು ದುರಂತ, ಪರರದಾದರೆ ಯೋಜನೆ!

ಆದರೆ ಪುಣೆಯಲ್ಲಿಯೇ ಈ ಖರ್ಚಿನ ವಹಿಯನ್ನು ಬಿಚ್ಚಿ ಓದಲು ಹೊರಟವರೂ ಇದ್ದರೆಂಬುದನ್ನು ಹೇಳದಿದ್ದರೆ ಅನ್ಯಾಯವಾದೀತು. ಕೃಷ್ಣೆಯ ಉಪನದಿ ಕೊಯ್ನೆಗೂ 1960ರ ದಶಕದಲ್ಲಿ ಅಣೆಕಟ್ಟಾಗಿ, ಅದರ ನೀರೂ ಪಶ್ಚಿಮಕ್ಕೆ ತಿರುಗಿತು. ಡೆಕ್ಕನ್ ಕಾಲೇಜಿನಲ್ಲಿ ಸಮಾಜಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಇರಾವತಿ ಕರ್ವೆಯವರು ಜಾಯಿ ನಿಂಬಕರರೊಡನೆ ಸೇರಿ, ಕೊಯ್ನೆಯಲ್ಲಿ ಮನೆಮಠ ಕಳೆದುಕೊಂಡವರ ಪಾಡೇನಾಯಿತೆಂದು ವಿಚಾರಿಸಿ 1969ರಲ್ಲಿ ವರದಿಯನ್ನು ಪ್ರಕಟಿಸಿದರು. ಊರು ಮುಳುಗಿದರೆ ಹೋಗುವುದು ಮನೆಯೊಂದೇ ಅಲ್ಲ. ನೆರೆಹೊರೆ, ಬೀಗತನ, ದೇವರ ಜಾತ್ರೆ, ಕಷ್ಟಕಾಲಕ್ಕೆ ಆಗುವ ಕೈಗಡ, ಇವೆಲ್ಲ ಒಮ್ಮೆಗೇ ಹೋಗುತ್ತವೆ. ಪರಿಹಾರದ ಚೀಟಿಯಲ್ಲಿ ಇವಕ್ಕೆ ಕಲಮುಗಳಿಲ್ಲ. ವಲಸೆ ಬಂದ ನಮಗೆ ಈ ಮಾತಿನ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಪುಣೆಯಲ್ಲಿಯೇ 1942ರಲ್ಲಿ ಹುಟ್ಟಿದ ಮಾಧವ ಗಾಡಗೀಳರು ಬೆಂಗಳೂರಿನ ಭಾರತೀಯ ವಿಜ್ಞಾನ ಮಂದಿರದಲ್ಲಿ ಬಹುಕಾಲ ಕೆಲಸ ಮಾಡಿ, ಉತ್ತರ ಕನ್ನಡದ ಕಾಡುಗಳಲ್ಲಿ ಅಲೆದು ಅಭ್ಯಾಸ ನಡೆಸಿದರು. ಕಾಗದದ ಗಿರಣಿಗೆ ಸರಕಾರ ಬಹು ಅಗ್ಗವಾಗಿ ಕೊಡುತ್ತಿದ್ದ ಬಿದಿರು ಬುಟ್ಟಿ ಹೆಣೆಯುವ ಮೇದರಿಗೆ ಎಷ್ಟು ತುಟ್ಟಿಯಾಗಿತ್ತೆಂಬುದನ್ನು ಅವರು ತೋರಿಸಿಕೊಟ್ಟರು. ಅವರು ರಾಮಚಂದ್ರ ಗುಹಾ ಅವರೊಡನೆ ಕೂಡಿ 1995ರಲ್ಲಿ ಬರೆದ ಪುಸ್ತಕದಲ್ಲಿ ನಮ್ಮ ಸಮಾಜವನ್ನು ಮೂರು ಬಗೆಯಾಗಿ ಕಂಡಿದ್ದಾರೆ. ಸುತ್ತಲಿನ ನೆಲ, ನೀರು, ಕಾಡುಗಳನ್ನೇ ನಂಬಿ ಬಾಳುವವರು ಒಂದು ವರ್ಗ. ಅವು ಕೈಬಿಟ್ಟು ಊರೂರು ಅಲೆಯುವಂತಾದವರು ಎರಡನೆಯ ವರ್ಗ. ಎಲ್ಲ ಕಡೆಯಿಂದಲೂ ತರಿಸಿಕೊಂಡು ಉಣ್ಣಬಲ್ಲ ಶಕ್ತರು ಮೂರನೆಯ ವರ್ಗ. ಮುಳಶಿಯ ಮಾವಳ ಮೊದಲನೆಯವನಾಗಿದ್ದು ಎರಡನೆಯವನಾದ. ಇನ್ನು ನಾವು ಪುಣೆಯ ಕನ್ನಡಿಗರು ಯಾವ ವರ್ಗದವರು?

ಈ ಪ್ರಶ್ನೆಗೆ ಒಂದೇ ಉತ್ತರವಿಲ್ಲ. 1954ರಲ್ಲಿ ಪಿಂಪರಿಯಲ್ಲಿ ಪೆನಿಸಿಲಿನ್ ಕಾರಖಾನೆ ಆರಂಭವಾದ ಕಾಲದಿಂದ ಆ ಸೀಮೆ ಕಾರಖಾನೆಗಳ ನಾಡಾಯಿತು. ನಮ್ಮವರು ಅಲ್ಲಿ ಕೆಲಸಕ್ಕೆ ಸೇರಿದರು. ಉಡುಪಿಯ ಕಡೆಯವರು ಹೋಟೆಲು ನಡೆಸಿದರು. 1981ರಲ್ಲಿ ಇನ್‌ಫೋಸಿಸ್ ಹುಟ್ಟಿದ್ದು ಪುಣೆಯಲ್ಲಿ. ಎರಡು ವರ್ಷದ ಮೇಲೆ ಅದು ಬೆಂಗಳೂರಿಗೆ ಹೋಯಿತು. ಈಗ ನಮ್ಮ ಮಕ್ಕಳು ಹಿಂಜೆವಾಡಿಯ ಗಾಜಿನ ಕಟ್ಟಡಗಳಲ್ಲಿ ಕುಳಿತು ಅಮೇರಿಕದವರ ಲೆಕ್ಕಪತ್ರ ನೋಡುತ್ತಾರೆ. ಆ ಹಿಂಜೆವಾಡಿ ಯಾವ ತಾಲೂಕಿನದು? ಮುಳಶಿ ತಾಲೂಕಿನದೇ! ಒಮ್ಮೆ ಮುಂಬಯಿಯ ಗಿರಣಿಗಾಗಿ ನೆಲ ಕೊಟ್ಟ ತಾಲೂಕು ಇನ್ನೊಮ್ಮೆ ಜಗತ್ತಿನ ಕಚೇರಿಗಾಗಿ ನೆಲ ಕೊಟ್ಟಿತು. ಆ ಕಟ್ಟಡಗಳಿಗೆ ಇಟ್ಟಿಗೆ, ಸಿಮೆಂಟು ಹೊತ್ತವರಲ್ಲಿ ಕಲಬುರಗಿ, ಯಾದಗಿರಿ, ವಿಜಯಪುರಗಳಿಂದ ಬರಗಾಲಕ್ಕೆ ಬೇಸತ್ತು ಬಂದ ನಮ್ಮವರೂ ಇದ್ದಾರೆ. ಭೀಮೆಯ ಕೆಳದಂಡೆಯಲ್ಲಿ ನೀರಿಲ್ಲವೆಂದು ಮೇಲ್ದಂಡೆಗೆ ಬಂದು ತಗಡಿನ ಜೋಪಡಿಯಲ್ಲಿ ಇರುವವರು. ಒಳಗೆ ಕುಳಿತವನೂ ಕನ್ನಡಿಗ, ಹೊರಗೆ ಕಲ್ಲು ಹೊತ್ತವಳೂ ಕನ್ನಡತಿ. ರಾಜ್ಯೋತ್ಸವದ ಮಂಟಪದಲ್ಲಿ ಮೊದಲನೆಯವನಿಗೆ ಕುರ್ಚಿಯುಂಟು. ಎರಡನೆಯವಳಿಗೆ ಕರೆಯೋಲೆ ಹೋಯಿತೆ?

ಇನ್ನು ನದಿಯ ಪಾಡು. ಬೆಳೆದ ನಗರದ ಕೊಳೆನೀರಿನಲ್ಲಿ ದೊಡ್ಡ ಪಾಲು ಪೂರ್ತಿ ಶುದ್ಧವಾಗದೆ ಮುಳಾ–ಮುಠಾಗಳಿಗೆ ಬೀಳುತ್ತದೆ. 1980ರಲ್ಲಿ ಮುಗಿದ ಉಜನಿ ಜಲಾಶಯದಲ್ಲಿ ಅದು ನಿಲ್ಲುತ್ತದೆ. ಅಲ್ಲಿಂದ ಕೆಳಗೆ ಸೊಲ್ಲಾಪುರ ಸೀಮೆಯನ್ನು ದಾಟಿ ನಮ್ಮ ಅಫಜಲಪುರದ ಕಡೆಗೆ ಹರಿಯುತ್ತದೆ. ಬೇಸಗೆಯಲ್ಲಿ ಉಜನಿಯಿಂದ ನೀರು ಬಿಡಿರೆಂದು ಕೆಳಗಿನವರು ಬೇಡಬೇಕು. 2020ರ ಅಕ್ಟೋಬರಿನಲ್ಲಾದಂತೆ ಮಳೆ ಮಿತಿಮೀರಿದರೆ ಬಿಟ್ಟ ನೀರಿನಲ್ಲಿ ಅವರೇ ಮುಳುಗಬೇಕು. ಬರವೂ ಅವರದು, ನೆರೆಯೂ ಅವರದು.

ನೀರಿನ ಜಗಳವನ್ನು ನಾವು ಸಾಮಾನ್ಯವಾಗಿ ಎರಡು ರಾಜ್ಯಗಳ ಜಗಳವೆಂದೇ ತಿಳಿಯುತ್ತೇವೆ. ಮರಾಠಿಗರು ಒಂದು ಕಡೆ, ಕನ್ನಡಿಗರು ಒಂದು ಕಡೆ. ರಾಜ್ಯಗಳ ಹಕ್ಕು ಸಣ್ಣ ಮಾತೆಂದು ನಾನು ಹೇಳುವುದಿಲ್ಲ. ನ್ಯಾಯಮಂಡಳಿಗಳು ಅದಕ್ಕಾಗಿಯೇ ಇವೆ. ಆದರೆ 1921ರ ವಹಿಯನ್ನು ತೆರೆದು ನೋಡಿದರೆ ಗೆರೆ ಬೇರೆ ಕಡೆಯಲ್ಲಿ ಬೀಳುತ್ತದೆ. ನೆಲ ಕಳೆದುಕೊಂಡ ಮರಾಠಿ ಮಾವಳನೂ ನೀರು ಕಳೆದುಕೊಂಡ ಭೀಮಾ ತೀರದ ಕನ್ನಡ ಒಕ್ಕಲಿಗನೂ ಒಂದೇ ಪುಟದಲ್ಲಿದ್ದಾರೆ, ಖರ್ಚಿನ ಪುಟದಲ್ಲಿ. ಅವರಿಬ್ಬರೂ ಒಬ್ಬರನ್ನೊಬ್ಬರು ಕಾಣಲಿಲ್ಲ; ಒಬ್ಬರ ಭಾಷೆ ಇನ್ನೊಬ್ಬರಿಗೆ ತಿಳಿಯದು. ಎರಡೂ ಭಾಷೆ ಬಲ್ಲವರು ನಾವು. ಮನೆಯಲ್ಲಿ ಕನ್ನಡ, ಬೀದಿಯಲ್ಲಿ ಮರಾಠಿ ಆಡುವ ನಮ್ಮ ಮಕ್ಕಳು ಮೇಲ್ದಂಡೆಯ ಮಾತನ್ನು ಕೆಳದಂಡೆಗೂ ಕೆಳದಂಡೆಯ ಮಾತನ್ನು ಮೇಲ್ದಂಡೆಗೂ ಮುಟ್ಟಿಸಬಲ್ಲರು. ಹೊರನಾಡ ಕನ್ನಡಿಗರಿಗೆ ಇದಕ್ಕಿಂತ ಹೆಚ್ಚಿನ ನಾಡಸೇವೆ ಬೇರೊಂದಿದೆಯೆಂದು ನನಗೆ ತೋಚದು.

ಮುಂಗಾರು ಕಳೆದು ಘಟ್ಟ ಹಸಿರಾಗಿರುವಾಗ ನಮ್ಮ ಎಷ್ಟೋ ಕುಟುಂಬಗಳು ಮುಳಶಿಗೆ ವನಭೋಜನಕ್ಕೆ ಹೋಗುವುದುಂಟು. ಕೆರೆ ಬಲು ಚೆಲುವಾಗಿದೆ, ಹೋಗಬೇಕಾದ್ದೇ. ಮುಂದಿನ ಸಲ ಹೋದಾಗ ದಂಡೆಯ ಮೇಲೆ ಕುಳಿತು ಬುತ್ತಿ ಬಿಚ್ಚುವ ಮೊದಲು ಮಕ್ಕಳಿಗೆ ಈ ಕಥೆಯನ್ನೊಂದಿಷ್ಟು ಹೇಳೋಣ. ಈ ನೀರಿನ ಕೆಳಗೆ ಬತ್ತದ ಗದ್ದೆಗಳಿದ್ದವೆಂದೂ, ಈ ನೀರು ನಮ್ಮಜ್ಜನ ಊರಿಗೆ ಹೋಗಬೇಕಾಗಿತ್ತೆಂದೂ, ನಮ್ಮ ಬಚ್ಚಲಿನ ಕೊಳೆ ಇಂದಿಗೂ ಅಲ್ಲಿಗೇ ಹೋಗುತ್ತಿದೆಯೆಂದೂ ತಿಳಿದ ಮಗು ದೊಡ್ಡದಾದ ಮೇಲೆ ಸೇತುವೆಯನ್ನು ದಾಟುವಾಗ ಒಮ್ಮೆಯಾದರೂ ಕೆಳಗೆ ಬಗ್ಗಿ ನೋಡೀತು.